ಅತ್ತೆಯ ಅವಲಕ್ಕಿ ಸರ

ಕಳ್ಳತನದ ಮಾಲು ಪತ್ತೆಯಾದಾಗ ಪೇಪರಿನಲ್ಲಿ ಒಂದು ಫೋಟೋ ಬರುತ್ತದೆ, ನೀವೂ ನೋಡಿರುತ್ತೀರಿ. ಮೇಜಿನ ಮೇಲೆ ಬಟ್ಟೆ ಹಾಸಿ ಸರ, ಬಳೆ, ಓಲೆಗಳನ್ನು ಹರಡಿರುತ್ತಾರೆ. ಹಿಂದೆ ಪೊಲೀಸರು ಸಾಲಾಗಿ ನಿಂತಿರುತ್ತಾರೆ. ಸದ್ಯ, ಕಳಕೊಂಡವರಿಗೆ ಸಿಕ್ಕಿತಲ್ಲ ಅಂದುಕೊಂಡು ನಾವು ಪುಟ ತಿರುಗಿಸುತ್ತೇವೆ. 2018ರ ಕೊನೆಯಲ್ಲಿ ಅಂಥದೊಂದು ಫೋಟೋದಲ್ಲಿ ನಮ್ಮತ್ತೆಯ ಎರಡೆಳೆ ಅವಲಕ್ಕಿ ಸರವೂ ಇತ್ತು. ಸಿಕ್ಕುವುದು ಬೇರೆ, ಮನೆಗೆ ಬರುವುದು ಬೇರೆ ಎಂಬುದು ಆಮೇಲೆ ತಿಳಿಯಿತು.

"ಕಳ್ಳ ಸಿಕ್ಕಿದ, ಸರ ಸಿಕ್ಕಿತು. ತಂದುಕೊಡೋಕೆ ಏನಂತೆ ಅವರಿಗೆ?" ಎಂದು ಅತ್ತೆ ದಿನಕ್ಕೆರಡು ಸಲ ಕೇಳುತ್ತಿದ್ದರು. ಆಗ ಅವರಿಗೆ ಎಂಬತ್ತೊಂದು. ನಾನು ಠಾಣೆಗೆ ಹೋಗಿ ಅದನ್ನೇ ಸ್ವಲ್ಪ ಮರ್ಯಾದೆಯ ಮಾತಿನಲ್ಲಿ ಕೇಳಿದೆ. "ಅದೀಗ ಮುದ್ದೆಮಾಲು ಅಮ್ಮಾ. ಕೇಸು ಮುಗೀಲಿ" ಎಂದರು. ನಮ್ಮ ಮನೆಯ ಮುದ್ದಿನ ಮಾಲಿಗೆ ಎಂಥ ಹೆಸರು!

ನಮ್ಮ ಬೀದಿಯಲ್ಲೇ ಇರುವ ಲಾಯರಮ್ಮನ ಹತ್ತಿರ ಹೋದೆ. "ಕೇಸು ಮುಗಿಯೋವರೆಗೆ ಕಾಯಬೇಕಿಲ್ಲ ಅಕ್ಕ" ಎಂದಳು. ಆಗಿನ ದಂಡ ಪ್ರಕ್ರಿಯಾ ಸಂಹಿತೆಯ 451 ಮತ್ತು 457ನೇ ಕಲಮುಗಳಲ್ಲಿ ಅದಕ್ಕೆ ದಾರಿಯಿತ್ತು. ಗುಜರಾತಿನ ಮೊಕದ್ದಮೆಯೊಂದರಲ್ಲಿ ಸುಪ್ರೀಂ ಕೋರ್ಟು 2002ರಲ್ಲೇ ಹೇಳಿತ್ತಂತೆ: ಚಿನ್ನವನ್ನು ವರ್ಷಗಟ್ಟಲೆ ಠಾಣೆಯಲ್ಲಿಡುವುದರಲ್ಲಿ ಅರ್ಥವಿಲ್ಲ; ವಿವರವಾಗಿ ಪಂಚನಾಮೆ ಬರೆದು, ಫೋಟೋ ತೆಗೆದು, ಬಾಂಡು ಬರೆಸಿಕೊಂಡು ಕೊಟ್ಟುಬಿಡಿ; ಹದಿನೈದು ದಿನ, ಹೆಚ್ಚೆಂದರೆ ಒಂದು ತಿಂಗಳು, ಅದಕ್ಕಿಂತ ಹೆಚ್ಚು ಅಲ್ಲಿ ಇರಬಾರದು. ಇನ್ನೊಂದು ನಮ್ಮ ರಾಜ್ಯದ್ದೇ ಕೇಸು. ಹೆಂಗಸೊಬ್ಬರ ಕಳವಾದ ಒಡವೆ ಸಿಕ್ಕಿ, ಠಾಣೆಯ ಟ್ರಂಕಿನಲ್ಲಿದ್ದಾಗ ಮತ್ತೆ ಕಾಣೆಯಾಯಿತು. ಸರ್ಕಾರವೇ ಅದರ ಬೆಲೆ ಕಟ್ಟಿಕೊಡಬೇಕು ಎಂದು ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾದದ್ದು 1977ರಲ್ಲಿ. ಈ ಕಥೆಯನ್ನು ನಾನು ಅತ್ತೆಗೆ ಹೇಳಲಿಲ್ಲ.

ಅರ್ಜಿ ಹಾಕಿದೆವು. ಸರ ನಮ್ಮದೇ ಎನ್ನಲು ರಸೀದಿ ಎಲ್ಲಿಂದ ತರುವುದು? ಅದು ಅತ್ತೆಯ ತವರಿನಿಂದ ಬಂದದ್ದು. ಆಗಿನ ಕಾಲದಲ್ಲಿ ಆಚಾರಿ ಮನೆಯ ಜಗಲಿಯಲ್ಲೇ ಕೂತು ಮಾಡಿಕೊಟ್ಟದ್ದು. ಅತ್ತೆಯ ಮದುವೆಯ ಫೋಟೋ ಇತ್ತು, ಕಪ್ಪು ಬಿಳುಪಿನದು, ಕೊರಳ ತುಂಬ ಹೂವಿನ ಹಾರ. ಸರ ಕಾಣುತ್ತಲೇ ಇರಲಿಲ್ಲ. ಕೈಹಿಡಿದದ್ದು ಕೊಂಡಿ. ಹಿಂದೆ ಯಾವಾಗಲೋ ಮುರಿದಿದ್ದ ಅದನ್ನು ಪೇಟೆಬೀದಿಯ ಆಚಾರಿ ಬೇರೆ ಬಣ್ಣದ ಚಿನ್ನದಲ್ಲಿ ಬೆಸೆದಿದ್ದರು. ಕಳವಿನ ದೂರಿನಲ್ಲೇ ನಮ್ಮವರು ಅದನ್ನು ಬರೆಸಿದ್ದರು. ನೀವೂ ಒಡವೆ ಹಾಕಿಕೊಂಡಾಗ ಒಂದು ಸ್ಪಷ್ಟವಾದ ಫೋಟೋ ತೆಗೆಸಿಡಿ. ನೆಂಟರಿಗೆ ತೋರಿಸಲು ಅಲ್ಲ, ನ್ಯಾಯಾಧೀಶರಿಗೆ.

ಎರಡೂವರೆ ತಿಂಗಳಿಗೆ ಆರ್ಡರಾಯಿತು. ಸರದ ಬೆಲೆಗೆ ಬಾಂಡು, ಒಬ್ಬ ಜಾಮೀನುದಾರ. ನನ್ನ ತಮ್ಮ ಪಹಣಿ ಹಿಡಿದು ಬಂದು ನಿಂತ. ಷರತ್ತುಗಳನ್ನು ಲಾಯರಮ್ಮ ಓದಿ ಹೇಳಿದಳು. ಮಾರಬಾರದು, ಪರಭಾರೆ ಮಾಡಬಾರದು, ರೂಪ ಬದಲಿಸಬಾರದು, ಕರೆದಾಗ ತಂದು ಹಾಜರುಪಡಿಸಬೇಕು. ಅರಗಿನ ಮುದ್ರೆ ಒಡೆದು ಪೊಟ್ಟಣ ಬಿಚ್ಚಿ ನನ್ನ ಕೈಗಿತ್ತರು. ಅತ್ತೆ ಅದನ್ನು ಕಣ್ಣಿಗೊತ್ತಿಕೊಂಡು, "ಆಚಾರಿನ ಕರೆಸು. ಎಳೆ ಬಿಡಿಸಿ ಇಬ್ಬರು ಹುಡುಗಿಯರಿಗೂ ಒಂದೊಂದು ಮಾಡಿಸಿಬಿಡೋಣ" ಎಂದರು.

ಆಗುವುದಿಲ್ಲ ಎಂದು ಹೇಗೆ ಹೇಳುವುದು? ಹೇಳಿದೆ. "ಹಾಗಾದ್ರೆ ಇದು ನಮ್ಮದೋ, ಸರ್ಕಾರದ್ದೋ?" ನಮ್ಮದೇ ಅತ್ತೆ, ಆದರೆ ಸದ್ಯಕ್ಕೆ ಇಟ್ಟುಕೊಳ್ಳೋಕೆ ಕೊಟ್ಟಿದ್ದಾರೆ ಎಂದೆ. ಅವರು ಮಾತಾಡಲಿಲ್ಲ. 2021ರಲ್ಲಿ ತೀರಿಕೊಳ್ಳುವವರೆಗೂ ಸರ ಅವರ ಕೊರಳಲ್ಲೇ ಇತ್ತು, ಎರಡೆಳೆಯೂ ಒಟ್ಟಿಗೆ.

2024ರ ಜುಲೈಯಿಂದ ಬಂದ ಹೊಸ ಸಂಹಿತೆಯಲ್ಲಿ, ಮಾಲು ಕೋರ್ಟಿಗೆ ಬಂದ ಹದಿನಾಲ್ಕು ದಿನದೊಳಗೆ ಅದರ ವಿವರಪಟ್ಟಿ ಮಾಡಿ, ಫೋಟೋ ತೆಗೆಸಿ, ಆಮೇಲಿನ ಮೂವತ್ತು ದಿನದಲ್ಲಿ ಏನು ಮಾಡಬೇಕೆಂದು ಆದೇಶ ಕೊಡಬೇಕಂತೆ. ಒಳ್ಳೆಯದೇ. ನಮ್ಮ ಕೇಸು ಹಳೆಯದು. ನಾನು ಒಮ್ಮೆ ಸರ ತೆಗೆದುಕೊಂಡು ಹೋಗಿ ಸಾಕ್ಷಿ ಹೇಳಿ ಬಂದಿದ್ದೇನೆ. ತೀರ್ಪು ಇನ್ನೂ ಆಗಿಲ್ಲ.

ಇದರ ನಡುವೆ ದೊಡ್ಡವಳ ಮದುವೆಯಾಯಿತು. ಸರ ಹಾಕಿಕೊಂಡೇ ಹಸೆಮಣೆ ಏರಿದಳು. ಗಂಡನ ಮನೆಗೆ ಹೊರಡುವಾಗ ಬಿಚ್ಚಿ ನನ್ನ ಕೈಗಿಟ್ಟಳು. ಬೀಗಿತ್ತಿ ನೋಡುತ್ತಿದ್ದರು. ಬಾಂಡಿನ ವಿಷಯ ಬಿಡಿಸಿ ಹೇಳುವ ಹೊತ್ತೇ ಅದು? ಸೆರಗಿನ ತುದಿಗೆ ಗಂಟು ಹಾಕಿಕೊಂಡು, "ಊಟ ಸರಿಯಾಗಿ ಆಯ್ತಾ?" ಎಂದು ವಿಚಾರಿಸಿದೆ.