ಗಿರಿಸಿಂದೂರವೆಂಬ ಹೆಸರು

ಶಬ್ದಕ್ಕೂ ಅರ್ಥಕ್ಕೂ ಇರುವ ಸಂಬಂಧವು ನಿತ್ಯವಾದುದೆಂದು ಮೀಮಾಂಸಕರು ಹೇಳಿದರು. ಅದು ಸಂಕೇತದಿಂದ ಏರ್ಪಟ್ಟುದೆಂದು ನೈಯಾಯಿಕರು ವಾದಿಸಿದರು. ಈ ವಾದವು ವಿದ್ವತ್ಸಭೆಗಳಲ್ಲಿ ಶತಮಾನಗಳ ಕಾಲ ನಡೆದರೂ ಅದರಿಂದ ಯಾರ ಪ್ರಾಣಕ್ಕೂ ಅಪಾಯವಾಗಲಿಲ್ಲ. ಆದರೆ ಅದೇ ಪ್ರಶ್ನೆಯು ವೈದ್ಯನ ಖಲ್ವದೊಳಕ್ಕೂ ಗ್ರಂದಿಗೆ ಅಂಗಡಿಯ ಡಬ್ಬಿಯೊಳಕ್ಕೂ ಇಳಿದು ಬಂದಾಗ ಕೇವಲ ಪಾಂಡಿತ್ಯದ ವಿಷಯವಾಗಿ ಉಳಿಯುವುದಿಲ್ಲ. ಅಲ್ಲಿ ಹೆಸರು ಒಂದಾಗಿ ವಸ್ತು ಮತ್ತೊಂದಾದರೆ ಮದ್ದೇ ವಿಷವಾದೀತು. ಪಾದರಸದ ಅತ್ಯಪೂರ್ವ ಖನಿಜವೊಂದಕ್ಕೆ ಪ್ರಾಚೀನರು ಇಟ್ಟ 'ಗಿರಿಸಿಂದೂರ' ಎಂಬ ಹೆಸರಿನ ಚರಿತ್ರೆಯು ಇದಕ್ಕೆ ಒಳ್ಳೆಯ ನಿದರ್ಶನವಾಗಿದೆ.

ಚಳ್ಳಕೆರೆಯ ಸಂತೆಗೆ ಬಂದ ಹಳ್ಳಿಯ ತಾಯಿಯೊಬ್ಬಳು ಅಂಗಡಿಯ ಮುಂದೆ ನಿಂತು "ಒಂದಿಷ್ಟು ಸಿಂಧೂರ ಕೊಡಣ್ಣ" ಎಂದರೆ, ತಿಳಿದ ಅಂಗಡಿಯವನು ಕೂಡಲೇ ಪೊಟ್ಟಣ ಕಟ್ಟುವುದಿಲ್ಲ. "ಯಾತಕ್ಕವ್ವ? ಹಣೆಗೋ, ಹನುಮಪ್ಪನ ಮೈಗೋ, ಔಷಧಕ್ಕೋ?" ಎಂದು ಮರುಪ್ರಶ್ನೆ ಹಾಕುತ್ತಾನೆ. ಸಂಸ್ಕೃತದ ಶುದ್ಧರೂಪ 'ಸಿಂದೂರ'. ಜನರ ಬಾಯಲ್ಲಿ ಅದು 'ಸಿಂಧೂರ'. ಒಂದು ಅಕ್ಷರ ಮಹಾಪ್ರಾಣವಾದುದರಿಂದ ಹಾನಿಯೇನೂ ಇಲ್ಲ. ಆದರೆ ಆ ಅಂಗಡಿಯವನು ಕೇಳಿದ ಮರುಪ್ರಶ್ನೆಯನ್ನು ಕೇಳದೆ ಬಿಟ್ಟರೆ ಹಾನಿಯುಂಟು. ಏಕೆಂದರೆ ಕೆಂಪು ಬಣ್ಣವೊಂದನ್ನು ಬಿಟ್ಟರೆ ಆ ಮೂರು ಪುಡಿಗಳಿಗೆ ಪರಸ್ಪರ ಯಾವ ಬಾಂಧವ್ಯವೂ ಇರಬೇಕಾಗಿಲ್ಲ.

ಹಣೆಗಿಡುವ ಕುಂಕುಮವನ್ನೇ ಮೊದಲು ನೋಡಬಹುದು. ಸಂಸ್ಕೃತದಲ್ಲಿ 'ಕುಂಕುಮ'ವೆಂದರೆ ಕಾಶ್ಮೀರದ ಕೇಸರಿ. ಅರಿಶಿನಕ್ಕೆ ಸುಣ್ಣವೇ ಮೊದಲಾದ ಕ್ಷಾರವು ಸೇರಿದಾಗ ಬರುವ ಕೆಂಪು ಪುಡಿಯು ಆ ಹೆಸರನ್ನು ಪಡೆದುಕೊಂಡಿತು. ಕೇಸರಿಯ ಗದ್ದುಗೆಯಲ್ಲಿ ಅರಿಶಿನ ಬಂದು ಕುಳಿತರೂ ಕೆಡುಕಾಗಲಿಲ್ಲ. ಎರಡೂ ಸೌಮ್ಯ ವಸ್ತುಗಳೇ. ದೇವಾಲಯದ ಗೋಡೆಯ ಮೇಲೆ ಸುಣ್ಣದ ಪಟ್ಟೆಯ ಪಕ್ಕದಲ್ಲಿ ಎಳೆಯುವ ಜಾಜು, ವಿರಕ್ತರ ಬಟ್ಟೆಗೆ ಬಣ್ಣ ಕೊಟ್ಟ ಕಾವಿ, ಇವು ಕೆಮ್ಮಣ್ಣಿನ ಜಾತಿ. ಕಬ್ಬಿಣದ ಅಂಶದಿಂದ ಕೆಂಪಾದವು. ಸಂಸ್ಕೃತದಲ್ಲಿ ಇವಕ್ಕೆ ಗೈರಿಕವೆಂದು ಹೆಸರು. ಆಂಜನೇಯನ ಮೂರ್ತಿಗೆ ಬಳಿಯುವ ಕಿತ್ತಳೆಗೆಂಪಿನ ಸಿಂದೂರವು ಸಾಂಪ್ರದಾಯಿಕವಾಗಿ ಸೀಸದ ಭಸ್ಮ. ರಸಶಾಸ್ತ್ರದಲ್ಲಿ ಸೀಸಕ್ಕೆ 'ನಾಗ'ವೆಂಬ ಹೆಸರಿರುವುದರಿಂದ ಇದು ನಾಗಸಿಂದೂರ. ಪಾದರಸ ಗಂಧಕಗಳನ್ನು ಅರೆದು ಕಜ್ಜಲಿ ಮಾಡಿ, ಕಾಚಕೂಪಿಯಲ್ಲಿ ತುಂಬಿ, ವಾಲುಕಾಯಂತ್ರದಲ್ಲಿ ಕಾಯಿಸಿ ಪಡೆಯುವುದು ರಸಸಿಂದೂರ. ಅದೇ ಪಾದರಸ ಗಂಧಕಗಳು ಭೂಗರ್ಭದಲ್ಲಿ ತಾವಾಗಿಯೇ ಕೂಡಿಕೊಂಡು ಅದಿರಾದರೆ ಹಿಂಗುಲ. ಆದಿಯ ಹಕಾರವನ್ನು ಕಳೆದುಕೊಂಡು ಕನ್ನಡದಲ್ಲಿ ಇದು 'ಇಂಗಳಿಕ'ವಾಯಿತು.

ಹಿಂಗುಲಕ್ಕೆ ಇರುವ ಪರ್ಯಾಯನಾಮಗಳನ್ನು ನೋಡಿದರೆ ಪ್ರಾಚೀನರ ದೃಷ್ಟಿ ಎಷ್ಟು ಸೂಕ್ಷ್ಮವಾಗಿತ್ತೆಂಬುದು ತಿಳಿಯುತ್ತದೆ. ದರದ ದೇಶದ ಕಡೆಯಿಂದ ಬಂದುದಾದ್ದರಿಂದ ಅದು 'ದರದ'. ಹೊಟ್ಟೆಯಲ್ಲಿ ಪಾದರಸವನ್ನು ಇಟ್ಟುಕೊಂಡಿರುವುದರಿಂದ 'ರಸಗರ್ಭ'. ಗಿಳಿಯ ಕೊಕ್ಕಿನ ಬಣ್ಣದ್ದು 'ಶುಕತುಂಡ', ಹಂಸದ ಪಾದದಂತೆ ಕೆಂಪಾದುದು 'ಹಂಸಪಾದ'. ನಿಂಬೆಯ ರಸದಲ್ಲಿ ಅರೆದು ಊರ್ಧ್ವಪಾತನ ಮಾಡಿದರೆ ಅದರ ಗರ್ಭದಿಂದ ಪಾದರಸವು ಹೊರಬರುತ್ತದೆ. ಹಿಂಗುಲದ ತೂಕದಲ್ಲಿ ನೂರಕ್ಕೆ ಸುಮಾರು 86 ಪಾಲು ಪಾದರಸವೇ ಎಂದು ಇಂದಿನ ರಸಾಯನಶಾಸ್ತ್ರವು ಲೆಕ್ಕ ಕೊಡುತ್ತದೆ. 'ರಸಗರ್ಭ'ವೆಂಬ ಹೆಸರು ಎಷ್ಟು ಸಾರ್ಥಕವಾದುದು!

ಈ ಕೆಂಪು ಬಂಧುಗಳ ನಡುವೆ ಎಲ್ಲರಿಗಿಂತ ಅಪರೂಪವಾದುದು ಗಿರಿಸಿಂದೂರ. ವಾಗ್ಭಟನ ಹೆಸರಿನಲ್ಲಿ ಪ್ರಸಿದ್ಧವಾಗಿರುವ 'ರಸರತ್ನಸಮುಚ್ಚಯ'ವು ಇದನ್ನು ಹಿಂಗುಲದೊಡನೆ ಸಾಧಾರಣರಸಗಳ ಗುಂಪಿನಲ್ಲಿ ಸೇರಿಸಿದೆ. ದೊಡ್ಡ ಬೆಟ್ಟಗಳಲ್ಲಿ, ಕಲ್ಲುಗಳ ಒಡಲಿನಲ್ಲಿ, ಬಹು ಸ್ವಲ್ಪವಾಗಿ ಸಿಕ್ಕುವ, ಒಣಗಿ ಕೆಂಪಾದ ರಸವೆಂಬುದು ಆ ಗ್ರಂಥದ ವಿವರಣೆಯ ತಾತ್ಪರ್ಯ. ಪಾದರಸವು ಗಂಧಕದೊಡನೆ ಕೂಡದೆ ಆಮ್ಲಜನಕದೊಡನೆ ಕೂಡಿ ಸ್ವಾಭಾವಿಕವಾಗಿ ಉಂಟಾದ ಕೆಂಪು ಖನಿಜವೇ ಇದೆಂದು ಆಧುನಿಕ ರಸಶಾಸ್ತ್ರಜ್ಞರಲ್ಲಿ ಅನೇಕರು ಗುರುತಿಸಿದ್ದಾರೆ. ಇದು ಸೀಸದ ಸಿಂದೂರವೇ ಎನ್ನುವವರೂ ಇದ್ದಾರೆ. ಪಾಶ್ಚಾತ್ಯ ಖನಿಜಶಾಸ್ತ್ರದಲ್ಲಿ ಆ ಪಾದರಸದ ಖನಿಜಕ್ಕೆ 'ಮಾಂಟ್ರಾಯ್ಡೈಟ್' ಎಂದು ಹೆಸರು. ಅಮೆರಿಕದ ಟೆಕ್ಸಾಸ್ ಪ್ರಾಂತದ ಟರ್ಲಿಂಗ್ವಾ ಎಂಬಲ್ಲಿನ ಪಾದರಸದ ಗಣಿಗಳಲ್ಲಿ ದೊರೆತ ಇದನ್ನು 1903ರಲ್ಲಿ ಎ. ಜೆ. ಮೋಸೆಸ್ ಎಂಬ ವಿದ್ವಾಂಸರು ವರ್ಣಿಸಿದರು. ಗಣಿಯ ಒಡೆಯರಲ್ಲೊಬ್ಬರಾದ ಮಾಂಟ್ರಾಯ್ಡ್ ಶಾರ್ಪ್ ಎಂಬವರ ಹೆಸರೇ ಖನಿಜದ ಹೆಸರಾಯಿತು.

ಶಾಲೆಯಲ್ಲಿ ಕನ್ನಡ ವ್ಯಾಕರಣವನ್ನು ಓದುವ ವಿದ್ಯಾರ್ಥಿಗಳು ಇಲ್ಲಿ ಒಂದು ಕ್ಷಣ ನಿಲ್ಲಬೇಕು. ರೂಢನಾಮ, ಅಂಕಿತನಾಮ, ಅನ್ವರ್ಥನಾಮ ಎಂದು ಪರೀಕ್ಷೆಗಾಗಿ ಬಾಯಿಪಾಠ ಮಾಡುವ ಭೇದವು ಈ ಒಂದು ಕಲ್ಲಿನಲ್ಲಿ ಜೀವ ತಳೆದು ನಿಂತಿದೆ. ಪಾಶ್ಚಾತ್ಯರು ಅಂಕಿತನಾಮದಿಂದ ಹೆಸರು ಮಾಡಿದರು. ಅದರಲ್ಲಿ ಬಣ್ಣವಿಲ್ಲ, ಗುಣವಿಲ್ಲ, ಸ್ಥಳವಿಲ್ಲ. ಆದರೆ ಒಂದೇ ವಸ್ತುವಿಗೆ ಕಟ್ಟಿಟ್ಟ ಹೆಸರಾದುದರಿಂದ ಮತ್ತೊಂದು ವಸ್ತುವು ಅದರ ಹತ್ತಿರ ಸುಳಿಯಲಾರದು. ಭಾರತೀಯರು ಕೊಟ್ಟುದು ಅನ್ವರ್ಥನಾಮ: ಗಿರಿಯಲ್ಲಿ ಹುಟ್ಟಿದುದು, ಸಿಂದೂರದಂತೆ ಕೆಂಪಾದುದು. ಕೇಳಿದೊಡನೆ ಕಣ್ಣಮುಂದೆ ಚಿತ್ರ ಮೂಡುತ್ತದೆ. ಆದರೆ ಈ ಚೆಲುವಿನಲ್ಲಿಯೇ ಅಪಾಯವೂ ಇದೆ. ಬೆಟ್ಟದಿಂದ ಬಂದ ಯಾವ ಕೆಂಪು ಪುಡಿಯಾದರೂ 'ನಾನೇ ಗಿರಿಸಿಂದೂರ' ಎಂದು ಮುಂದೆ ಬರಬಹುದಷ್ಟೆ!

ಬಂದುದೂ ಹಾಗೆಯೇ. ನಿಜವಾದ ಗಿರಿಸಿಂದೂರವು ದೊರೆಯುವುದು ದುರ್ಲಭವಾದಾಗ ಅದರ ಸ್ಥಾನದಲ್ಲಿ ನಾಗಸಿಂದೂರವನ್ನು ಬಳಸುವುದು ರೂಢಿಗೆ ಬಂದಿತು. ಒಂದು ಪಾದರಸದ್ದು, ಇನ್ನೊಂದು ಸೀಸದ್ದು. ಎರಡೂ ತೀಕ್ಷ್ಣವಾದ ವಿಷಗಳು. ಆದರೆ ಒಂದರ ಶೋಧನ, ಮಾತ್ರೆ, ಪಥ್ಯಗಳು ಮತ್ತೊಂದಕ್ಕೆ ಸಲ್ಲವು. ಪ್ರತಿನಿಧಿದ್ರವ್ಯವನ್ನು ಬಳಸುವುದು ವೈದ್ಯಶಾಸ್ತ್ರದಲ್ಲಿ ನಿಷಿದ್ಧವಲ್ಲ. ಪ್ರತಿನಿಧಿಯು ತಾನು ಪ್ರತಿನಿಧಿಯೆಂಬುದನ್ನು ಮರೆಸಿ ಯಜಮಾನನ ಹೆಸರಿನಲ್ಲಿಯೇ ವ್ಯವಹರಿಸತೊಡಗಿದಾಗ ಅನರ್ಥವು ಮೊದಲಾಗುತ್ತದೆ.

ಹೆಸರಿನ ಗೊಂದಲದಿಂದ ವಿಷವು ಮದ್ದಿನಲ್ಲಿ ಬೆರೆತ ಸಂಗತಿ ರೋಮಿನಲ್ಲಿಯೂ ನಡೆದಿತ್ತು. ಕ್ರಿ.ಶ. 79ರಲ್ಲಿ ತೀರಿಕೊಂಡ ಪ್ಲಿನಿ ಎಂಬ ಪಂಡಿತನು ತನ್ನ ಬೃಹದ್ಗ್ರಂಥದಲ್ಲಿ ಇದನ್ನು ದಾಖಲಿಸಿದ್ದಾನೆ. ಆ ಕಾಲದಲ್ಲಿ ಭಾರತದ ಕಡೆಯಿಂದ ಹೋಗುತ್ತಿದ್ದ ಕೆಂಪು ದ್ರವ್ಯವೊಂದನ್ನು 'ಸಿನ್ನಬಾರಿಸ್' ಎಂದು ಕರೆದು ವೈದ್ಯರು ಔಷಧಕ್ಕೆ ಬಳಸುತ್ತಿದ್ದರು. ಅದು ಮರದ ಅಂಟೆಂದು ಇಂದಿನ ವಿದ್ವಾಂಸರು ಹೇಳುತ್ತಾರೆ. ಅದೇ ಹೆಸರು ಪಾದರಸದ ಅದಿರಿಗೂ ಅಂಟಿಕೊಂಡಿತ್ತು. ಹೆಸರಿನ ಅಜ್ಞಾನದಿಂದ ವೈದ್ಯರು ಒಂದರ ಬದಲು ವಿಷವಾದ ಇನ್ನೊಂದನ್ನು ಮದ್ದಿಗೆ ಸೇರಿಸುತ್ತಿದ್ದಾರೆಂದು ಪ್ಲಿನಿಯು ಕಟುವಾಗಿ ಆಕ್ಷೇಪಿಸಿದನು. ಅವನು ಪಾದರಸದ ಆ ಅದಿರಿಗೆ ಬಳಸಿದ 'ಮಿನಿಯಂ' ಎಂಬ ಹೆಸರು ಕೂಡ ಕಾಲಕ್ರಮದಲ್ಲಿ ಜಾರಿಹೋಗಿ, ಇಂದು ಸೀಸದ ಕೆಂಪು ಖನಿಜಕ್ಕೆ ಸಲ್ಲುತ್ತಿದೆ. ಗಿರಿಸಿಂದೂರದ ಹೆಸರು ಪಾದರಸದಿಂದ ಸೀಸಕ್ಕೆ ಜಾರಿದುದೂ ಮಿನಿಯಂ ಜಾರಿದುದೂ ಒಂದೇ ದಾರಿಯಲ್ಲಿ.

ಹಾಗಾದರೆ ಅರ್ಥ ತಪ್ಪಿದ ಹೆಸರುಗಳೆಲ್ಲ ಅಪಾಯಕರವೇ? ಅಲ್ಲ. ಇದಕ್ಕೂ ಪಾದರಸದ ಕೆಂಪು ಭಸ್ಮವೇ ಉತ್ತರ ಹೇಳುತ್ತದೆ. 1774ರ ಆಗಸ್ಟ್ 1ರಂದು ಇಂಗ್ಲೆಂಡಿನ ಜೋಸೆಫ್ ಪ್ರೀಸ್ಟ್ಲಿಯು ಈ ಭಸ್ಮದ ಮೇಲೆ ಭೂತಗನ್ನಡಿಯಿಂದ ಸೂರ್ಯನ ಬಿಸಿಲನ್ನು ಕೇಂದ್ರೀಕರಿಸಿದಾಗ, ದೀಪವನ್ನು ಹೆಚ್ಚಾಗಿ ಉರಿಸುವ ವಾಯುವೊಂದು ಹೊರಟಿತು; ಪಾದರಸವು ಮರಳಿ ದ್ರವವಾಯಿತು. ಗಿರಿಸಿಂದೂರವು ಬೆಟ್ಟದ ಕಲ್ಲಿನಲ್ಲಿ ಹಿಡಿದಿಟ್ಟುಕೊಂಡಿರುವುದೂ ಅದೇ ವಾಯುವನ್ನು. ಆಮ್ಲಗಳಿಗೆಲ್ಲ ಇದೇ ಮೂಲವೆಂದು ಬಗೆದು ಫ್ರಾನ್ಸಿನ ಲೆವಾಸಿಯೆ ಅದಕ್ಕೆ ಹೆಸರಿಟ್ಟನು; ಆ ಹೆಸರಿನ ಅರ್ಥವನ್ನು ಅನುಸರಿಸಿ ಕನ್ನಡದಲ್ಲಿ 'ಆಮ್ಲಜನಕ'ವೆಂಬ ಪದ ಬಂದಿತು. ಉಪ್ಪಿನಿಂದ ಪಡೆಯುವ ಪ್ರಬಲಾಮ್ಲದಲ್ಲಿ ಆ ವಾಯುವೇ ಇಲ್ಲವೆಂದು 1810ರಲ್ಲಿ ಹಂಫ್ರಿ ಡೇವಿಯು ತೋರಿಸಿಕೊಟ್ಟನು. ಜನಕನಲ್ಲದವನನ್ನು ಜನಕನೆಂದು ಕರೆದಂತಾಯಿತು! ಆದರೂ ಆಮ್ಲಜನಕವೆಂದಾಗ ಜಗತ್ತಿನಲ್ಲಿ ಯಾರೂ ಬೇರೊಂದು ವಾಯುವನ್ನು ತಿಳಿಯುವುದಿಲ್ಲ. ಆಸ್ಪತ್ರೆಯಲ್ಲಿ ಆ ಹೆಸರಿನಿಂದ ರೋಗಿಯ ಪ್ರಾಣ ಉಳಿಯುತ್ತದೆಯೇ ಹೊರತು ಹೋಗುವುದಿಲ್ಲ. ಹೆಸರಿನ ಅವಯವಾರ್ಥ ತಪ್ಪಾದರೆ ಚಿಂತೆಯಿಲ್ಲ. ಹೆಸರಿನ ಕೆಳಗಿರುವ ವಸ್ತು ಬದಲಾಗಬಾರದು. ಗಿರಿಸಿಂದೂರದಲ್ಲಿ ಅರ್ಥವು ಸರಿಯಾಗಿಯೇ ಉಳಿದು ವಸ್ತುವು ಬದಲಾಯಿತು.

ಗಿರಿಯೆಂದ ಮಾತ್ರಕ್ಕೆ ತಮ್ಮ ಊರಿನ ಗಿರಿಗಳಲ್ಲಿ ಇದು ಸಿಕ್ಕೀತೇ ಎಂಬ ಕುತೂಹಲವು ಈ ಸೀಮೆಯ ಬಾಲಕರಲ್ಲಿ ಹುಟ್ಟುವುದು ಸಹಜ. ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿ, ಜಟಿಂಗ ರಾಮೇಶ್ವರಗಳ ಬಂಡೆಗಳು ಬಹು ಪುರಾತನವಾದವು; ಪಾದರಸದ ಅದಿರಾದರೋ ಹೆಚ್ಚಾಗಿ ಜ್ವಾಲಾಮುಖಿಗಳ, ಬಿಸಿನೀರಿನ ಊಟೆಗಳ ನೆರೆಯಲ್ಲಿ ನೆಲೆಗೊಳ್ಳುವಂಥದು. ಇಲ್ಲಿಯ ಕೆಂಪೆಲ್ಲ ಕಬ್ಬಿಣದ ಕೆಂಪು. ಚಿತ್ರದುರ್ಗದ ಬಳಿಯ ಇಂಗಳದಾಳಿನ ಹೆಸರನ್ನು ಕೇಳಿ, ಅಲ್ಲಿ ಇಂಗಳಿಕವಿದ್ದಿರಬೇಕೆಂದು ಊಹಿಸುವುದೂ ಸಲ್ಲದು. ಆ ನೆಲವು ಪ್ರಸಿದ್ಧವಾದುದು ತಾಮ್ರದ ಅದಿರಿಗೆ. ಕನ್ನಡದಲ್ಲಿ 'ಇಂಗಳ'ವೆಂದರೆ ಕೆಂಡ. ಧ್ವನಿಸಾಮ್ಯವನ್ನೇ ನೆಚ್ಚಿ ನಡೆಯುವ ನಿರುಕ್ತವು ಗಣಿಯನ್ನು ಅಗೆಯುವವನಿಗೂ ದಾರಿ ತಪ್ಪಿಸುತ್ತದೆ, ನಿಘಂಟನ್ನು ಬರೆಯುವವನಿಗೂ ದಾರಿ ತಪ್ಪಿಸುತ್ತದೆ.

ಗಿರಿಸಿಂದೂರವಿಲ್ಲದಿದ್ದರೂ ಗಿರಿಸಿಂದೂರದ ಗತಿಯನ್ನು ಹೋಲುವ ಹೆಸರೊಂದು ಈ ಸೀಮೆಯಲ್ಲಿಯೇ ಇದೆ. ಅದೇ ವರವು ಕಾವಲ್. ಮೈಸೂರಿನ ಚಿಕ್ಕದೇವರಾಜ ಒಡೆಯರ ಕಾಲದಲ್ಲಿ 'ಬೆಣ್ಣೆಚಾವಡಿ'ಯೆಂದಿದ್ದ ಅರಮನೆಯ ಪಶುಸಂಸ್ಥೆಯು ಟಿಪ್ಪುವಿನ ಕಾಲದಲ್ಲಿ 'ಅಮೃತಮಹಲ್' ಆಯಿತು. ಹೆಸರು ಬದಲಾದರೂ ವಸ್ತು ಬದಲಾಗಲಿಲ್ಲ. ಅದೇ ದನ, ಅದೇ ಹುಲ್ಲು. ಆ ದನಗಳಿಗಾಗಿ ಕಾಯ್ದಿರಿಸಿದ ಹುಲ್ಲುಗಾವಲುಗಳೇ ಕಾವಲುಗಳು. ಹುಲ್ಲನ್ನು ಕಾಯುವ ನೆಲವಾದ್ದರಿಂದ ಕಾವಲ್ ಎಂಬುದು ಪೂರ್ಣವಾಗಿ ಅನ್ವರ್ಥನಾಮವಾಗಿತ್ತು. ಸುತ್ತಲಿನ ಹಳ್ಳಿಗಳ ಕುರಿಗಳೂ ಅಲ್ಲಿ ಮೇಯ್ದವು. ಆ ಕುರಿಗಳ ಉಣ್ಣೆಯಿಂದ ಕಂಬಳಿಗಳು ನೇಯಲ್ಪಟ್ಟವು. 2009-10ರ ವೇಳೆಗೆ ಚಳ್ಳಕೆರೆಯ ಕಾವಲುಗಳ ಸುಮಾರು 10,000 ಎಕರೆ ನೆಲವು ವಿಜ್ಞಾನ ಮತ್ತು ರಕ್ಷಣಾ ಸಂಸ್ಥೆಗಳಿಗೆ ಸಂದಿತು. ವರವು ಕಾವಲಿನಲ್ಲಿ 2017ರಲ್ಲಿ ವಿಮಾನಗಳ ಪರೀಕ್ಷಾಕ್ಷೇತ್ರವು ಉದ್ಘಾಟನೆಗೊಂಡಿತು. ಈಗಲೂ ಅಲ್ಲಿ ಕಾವಲಿದೆ. ಆದರೆ ಕಾಯುವುದು ಹುಲ್ಲನ್ನಲ್ಲ. ದೇಶಕ್ಕೆ ಆ ಸಂಸ್ಥೆಗಳು ಬೇಕೆಂಬುದನ್ನು ಒಪ್ಪುವವನೂ, ಗೋಡೆಯ ಹೊರಗೆ ಕುರಿಮಂದೆಯೊಡನೆ ನಿಂತವನಿಗೆ 'ಕಾವಲ್' ಎಂಬ ಶಬ್ದವು ಈಗ ಯಾವ ಅರ್ಥವನ್ನು ಕೊಡುತ್ತದೆಂದು ಯೋಚಿಸಲೇಬೇಕು. ಅನ್ವರ್ಥನಾಮವು ರೂಢನಾಮವಾಗುವುದು ವ್ಯಾಕರಣದಲ್ಲಿ ಒಂದು ಸೂತ್ರದ ಮಾತು. ಜೀವನದಲ್ಲಿ ಅದು ಒಂದು ಮಂದೆಯ ಮೇವಿನ ಮಾತು.

ಮತ್ತೆ ಪಾದರಸಕ್ಕೆ ಬಂದರೆ, ಅದರ ವಿಷವನ್ನು ಇಪ್ಪತ್ತನೆಯ ಶತಮಾನವು ಬಹು ದುಃಖದಿಂದ ಅರಿತುಕೊಂಡಿತು. ಜಪಾನಿನ ಮಿನಮಾಟದಲ್ಲಿ ಕಾರ್ಖಾನೆಯ ನೀರಿನೊಡನೆ ಕೊಲ್ಲಿಗೆ ಹರಿದ ಪಾದರಸವು ಮೀನುಗಳ ಮೂಲಕ ಮನುಷ್ಯರ ಮೈಗೆ ಸೇರಿ ನರಗಳನ್ನು ಕೆಡಿಸಿದ ರೋಗವು 1956ರಲ್ಲಿ ಬೆಳಕಿಗೆ ಬಂದಿತು. ಆ ಊರಿನ ಅಂಕಿತನಾಮವೇ ರೋಗದ ಹೆಸರಾಯಿತು. ಬಳಿಕ ಪಾದರಸದ ಬಳಕೆಯನ್ನು ಹತೋಟಿಗೆ ತರಲು 2013ರಲ್ಲಿ ರಾಷ್ಟ್ರಗಳು ಮಾಡಿಕೊಂಡ ಒಪ್ಪಂದದ ಹೆಸರೂ ಆಯಿತು. ಭಾರತವು 2018ರಲ್ಲಿ ಅದನ್ನು ಅನುಮೋದಿಸಿತು. ಸೀಸವಾದರೋ ಬೆಳೆಯುವ ಮಕ್ಕಳ ಮಿದುಳಿಗೆ ಮಿತ್ತು. ಹೀಗಿರಲು ಪೂಜೆಗೆ ತಂದ ಸಿಂದೂರವನ್ನು ಕುಂಕುಮವೆಂದೇ ಬಗೆದು ಹಸುಳೆಯ ಹಣೆಗೆ ಹಚ್ಚುವುದು, ಹಳೆಯ ಓಲೆಯೊಂದರಲ್ಲಿ 'ಸಿಂದೂರ'ವೆಂದು ಕಂಡುದನ್ನು ಗುರುಮುಖದಿಂದ ತಿಳಿಯದೆ ಮದ್ದಿಗೆ ಸೇರಿಸುವುದು, ಇವು ಸಣ್ಣ ತಪ್ಪುಗಳಲ್ಲ.

ವಿಷಗಳ ವಿಚಾರವನ್ನೇ ಕುರಿತು ಹದಿನಾಲ್ಕನೆಯ ಶತಮಾನದಲ್ಲಿ ಮಂಗರಾಜನು 'ಖಗೇಂದ್ರಮಣಿದರ್ಪಣ'ವನ್ನು ಕನ್ನಡದಲ್ಲಿ ರಚಿಸಿದನು. ಜನರ ಪ್ರಾಣಕ್ಕೆ ಸಂಬಂಧಿಸಿದ ವಿದ್ಯೆಯು ಜನರ ನುಡಿಯಲ್ಲಿಯೇ ಇರಬೇಕೆಂಬ ವಿವೇಕವು ಕನ್ನಡಿಗರಿಗೆ ಹೊಸದಲ್ಲ. ಆ ವಿವೇಕವನ್ನು ಮುಂದುವರಿಸಬೇಕಾದವರು ಇಂದಿನ ವಿದ್ಯಾರ್ಥಿಗಳು. ಅವರಲ್ಲಿ ಕೆಲವರು ವೈದ್ಯರಾಗುತ್ತಾರೆ, ಕೆಲವರು ಭೂವಿಜ್ಞಾನಿಗಳಾಗುತ್ತಾರೆ, ಕೆಲವರು ಅಂಗಡಿಯನ್ನು ನಡೆಸುತ್ತಾರೆ, ಮತ್ತೆ ಕೆಲವರು ಉಪಾಧ್ಯಾಯರಾಗುತ್ತಾರೆ. ವೈದ್ಯನಾದವನು ಚೀಟಿಯಲ್ಲಿ ಬರಿಯ 'ಸಿಂದೂರ'ವೆಂದು ಬರೆಯದಿರಲಿ. ಯಾವುದರ ಸಿಂದೂರವೆಂಬುದನ್ನು ಬರೆಯಲಿ. ಅಂಗಡಿಯವನು "ಯಾತಕ್ಕವ್ವ?" ಎಂದು ಕೇಳುವುದನ್ನು ಬಿಡದಿರಲಿ. ಉಪಾಧ್ಯಾಯನು ಶಬ್ದದ ಅರ್ಥವನ್ನು ಹೇಳುವಾಗ ವಸ್ತುವನ್ನೂ ತೋರಿಸಲಿ. ತೋರಿಸಲಾಗದ ವಸ್ತುವಾದರೆ ಅದರ ಲಕ್ಷಣವನ್ನು ಬಿಡಿಸಿ ಹೇಳಲಿ. ಹೆಸರನ್ನು ವಸ್ತುವಿನಿಂದ ಅಗಲಗೊಡದೆ ನೋಡಿಕೊಳ್ಳುವುದೇ ಭಾಷೆಯನ್ನು ಕಲಿತವರು ಮಾಡಬೇಕಾದ ಕಾವಲು.