ಆಟದಿಂದ ಹೊಟ್ಟೆ ತುಂಬೀತೆ?

ಮಕ್ಕಳು ಆಟದ ಮಾತೆತ್ತಿದಾಗ ಗೃಹಸ್ಥನ ಬಾಯಿಂದ ತಾನಾಗಿ ಹೊರಡುವ ಪ್ರಶ್ನೆಯೊಂದುಂಟು: “ಅದರಿಂದ ಹೊಟ್ಟೆ ತುಂಬೀತೆ?” ನಮ್ಮ ತಂದೆಯವರು ನನ್ನನ್ನು ಕೇಳಿದರು; ನಾನು ನನ್ನ ಮಗನನ್ನು ಕೇಳಿದೆನು. ಇದಕ್ಕೆ ಉತ್ತರ ಕೊಟ್ಟ ಮಗುವನ್ನು ನಾನು ಇದುವರೆಗೆ ಕಂಡಿಲ್ಲ. ಕೇಳುವವರಿಗೂ ಉತ್ತರ ಬೇಕಾಗಿರುವುದಿಲ್ಲ. ಮಾತು ಅಲ್ಲಿಗೆ ಮುಗಿದರೆ ಸಾಕು. ಕಳೆದ ತಿಂಗಳು ಇದೇ ಪ್ರಶ್ನೆಯನ್ನು ಮೂರನೆಯ ತಲೆಮಾರಿಗೆ ಹಾಕಹೋಗಿ ನಾನೇ ಬಾಯಿ ಮುಚ್ಚಿಕೊಳ್ಳಬೇಕಾಯಿತು. ಆ ಸಂಗತಿಯನ್ನು ವಾಚಕರ ಮುಂದಿಡುತ್ತೇನೆ.

ನಾವು ಯಲಹಂಕ ಉಪನಗರದಲ್ಲಿ ನೆಲಸಿ ನಲವತ್ತು ವರ್ಷಗಳಾದುವು. 1984ರಲ್ಲಿ ಇಲ್ಲಿಯ ರೈಲ್ವೆ ಗಾಲಿ ಕಾರ್ಖಾನೆಯು ಆರಂಭವಾದಾಗ ನಾನು ಅಲ್ಲಿಗೆ ಸೇರಿ, ಎರಕದ ವಿಭಾಗದಲ್ಲಿಯೇ ತಲೆ ನರೆಯಿಸಿಕೊಂಡು ನಿವೃತ್ತನಾದೆನು. ನಮಗೆ ಒಬ್ಬನೇ ಮಗ. ಕೆನಡಾ ದೇಶದ ಟೊರಾಂಟೊ ನಗರದಲ್ಲಿ ಇಂಜಿನಿಯರನಾಗಿದ್ದಾನೆ. ಅವನ ಮಗಳಿಗೆ ಹನ್ನೊಂದು ವರ್ಷ. ವಾರಕ್ಕೊಮ್ಮೆ ಫೋನಿನ ತೆರೆಯ ಮೇಲೆ ಅವರ ಮುಖಗಳನ್ನು ನೋಡಿ ತೃಪ್ತಿಪಡುವುದು ನಮ್ಮ ಪದ್ಧತಿ. ಕಳೆದ ತಿಂಗಳು ಹಾಗೆ ನೋಡಿದರೆ ಹುಡುಗಿಯ ಮುಖವೇ ಕಾಣಲಿಲ್ಲ! ತಲೆಗೆ ಗಟ್ಟಿಯಾದ ಟೋಪಿ, ಮುಖಕ್ಕೆ ತಂತಿಯ ಬಲೆ, ಮೈಗೆಲ್ಲಾ ಮೆತ್ತೆ, ಕಾಲಿಗೆ ಅಲಗು ಕಟ್ಟಿದ ಬೂಟು. “ತಾತ, ನಾನು ಐಸ್ ಹಾಕಿಗೆ ಸೇರಿದ್ದೇನೆ” ಎಂಬ ಧ್ವನಿ ಮಾತ್ರ ಬಲೆಯೊಳಗಿಂದ ಬಂದಿತು.

ಇದು ಮಂಜುಗಡ್ಡೆಯ ಮೇಲೆ ಜಾರುತ್ತ ಆಡುವ ಆಟ. ಆ ದೇಶದ ದೊಡ್ಡ ಪಂದ್ಯಗಳ ಅಂಗಣವು 200 ಅಡಿ ಉದ್ದ, 85 ಅಡಿ ಅಗಲವಾಗಿರುತ್ತದೆ. ಒಂದೊಂದು ಪಕ್ಷಕ್ಕೆ ಆರು ಮಂದಿ. ಚೆಂಡಿಗೆ ಬದಲಾಗಿ ರಬ್ಬರಿನ ದಪ್ಪ ಬಿಲ್ಲೆಯೊಂದು. ಅದಕ್ಕೆ ಪಕ್ ಎಂದು ಹೆಸರು. ಪುಟಿಯದಿರಲೆಂದು ಆಟಕ್ಕೆ ಮೊದಲು ಅದನ್ನು ಚೆನ್ನಾಗಿ ತಣಿಸಿಡುತ್ತಾರೆ. ಇಪ್ಪತ್ತು ಇಪ್ಪತ್ತು ನಿಮಿಷಗಳ ಮೂರು ಭಾಗಗಳಲ್ಲಿ ಆಟ ಮುಗಿಯುವುದು. ಅದರ ವೇಗವೆಷ್ಟೆಂದರೆ, ಆಟಗಾರನು ಮುಕ್ಕಾಲು ನಿಮಿಷ ಓಡುವಷ್ಟರಲ್ಲಿ ಬಳಲಿ ಹೊರಬಂದು, ಇನ್ನೊಬ್ಬನನ್ನು ಒಳಕ್ಕೆ ಬಿಡುವನು.

ಇಷ್ಟನ್ನೆಲ್ಲಾ ಹುಡುಗಿಯು ಒಂದೇ ಉಸಿರಿನಲ್ಲಿ ಹೇಳಿದಳು. ನಾನು “ಅದರಿಂದ...” ಎಂದು ಆರಂಭಿಸಿದೆನು. ಅಷ್ಟರಲ್ಲಿ ಅವಳ ಹಿಂದೆ ನಿಂತಿದ್ದ ಮಗನ ಮುಖವು ಕಣ್ಣಿಗೆ ಬಿತ್ತು. ಆತನು ಸುಮ್ಮನೆ ನನ್ನನ್ನೇ ನೋಡುತ್ತಿದ್ದನು. “ಅದರಿಂದ ಚಳಿಯಾಗುವುದಿಲ್ಲವೆ, ಮಗು?” ಎಂದು ಹೇಗೋ ವಾಕ್ಯವನ್ನು ಮುಗಿಸಿದೆನು.

ಆ ನೋಟದ ಅರ್ಥವು ನನಗೆ ಗೊತ್ತಿತ್ತು. ಅವನೂ ಹುಡುಗನಾಗಿದ್ದಾಗ ಹಾಕಿ ಆಡುತ್ತಿದ್ದನು. ಇದು ನಮ್ಮ ಮಣ್ಣಿನ ಹಾಕಿ. ಸಂಜೆಯಾದರೆ ಕೆಂಪು ಧೂಳನ್ನು ಮೈಗೆ ಬಳಿದುಕೊಂಡು ಮನೆಗೆ ಬರುವನು. ಚೆನ್ನಾಗಿ ಆಡುತ್ತಾನೆಂದು ನಾಲ್ಕಾರು ಜನ ಹೇಳಿದರು. ನಾನು ಹೋಗಿ ನೋಡಲಿಲ್ಲ. 1995ರಲ್ಲಿ ಅವನು ಹತ್ತನೆಯ ತರಗತಿಗೆ ಬಂದಾಗ ನನ್ನ ಪ್ರಶ್ನೆಯನ್ನು ಕೇಳಿ, ಹಾಕಿ ಕೋಲನ್ನು ತೆಗೆದು ಅಟ್ಟದ ಮೇಲಿಟ್ಟೆನು. ಅವನು ಅಳಲಿಲ್ಲ, ಎದುರು ಮಾತಾಡಲಿಲ್ಲ. ಮೂರು ವರ್ಷಗಳ ತರುವಾಯ, 1998ರ ಡಿಸೆಂಬರಿನಲ್ಲಿ, ಬ್ಯಾಂಕಾಕಿನ ಏಷ್ಯನ್ ಕ್ರೀಡಾಕೂಟದಲ್ಲಿ ಭಾರತವು ದಕ್ಷಿಣ ಕೊರಿಯಾವನ್ನು ಪೆನಾಲ್ಟಿ ಹೊಡೆತಗಳಲ್ಲಿ ಸೋಲಿಸಿ, 32 ವರ್ಷಗಳ ಮೇಲೆ ಹಾಕಿಯ ಚಿನ್ನವನ್ನು ಗೆದ್ದಿತು. ಗೋಲಿನ ಮುಂದೆ ನಿಂತು ಎರಡು ಹೊಡೆತಗಳನ್ನು ತಡೆದವರು ನಮ್ಮ ಬೆಂಗಳೂರಿನ ಆಶಿಶ್ ಬಲ್ಲಾಳರು. ಆ ರಾತ್ರಿ ಸುದ್ದಿಯಲ್ಲಿ ಅದನ್ನು ತೋರಿಸಿದಾಗ ನಾನು ಚಪ್ಪಾಳೆ ತಟ್ಟಿದೆನು. ಹುಡುಗನು ಎದ್ದು ಅಂಗಳಕ್ಕೆ ಹೋದನು. ಅವನ ಮನಸ್ಸು ಓದಿನ ಮೇಲೆ ಇದೆಯೆಂದು ನಾನು ಹಿಗ್ಗಿದೆನು!

ಈಗ ಆ ನೋಟವನ್ನು ಕಂಡ ಮೇಲೆ ನನಗೆ ಸಮಾಧಾನವಿಲ್ಲದಂತಾಯಿತು. ನನ್ನ ಪ್ರಶ್ನೆಯು ನ್ಯಾಯವಾದುದೇ ಎಂದು ಸಾಧಿಸುವ ಹಟದಿಂದ, ಆಟವನ್ನೇ ವೃತ್ತಿ ಮಾಡಿಕೊಂಡವರ ಕಥೆಗಳನ್ನು ಹುಡುಕಿ ಓದಿದೆನು. ಮೊದಲು ಸಿಕ್ಕವನು ಕೆನಡಾದ ಗೋರ್ಡಿ ಹೋ. 1928ರಲ್ಲಿ ಬಡಕುಟುಂಬದಲ್ಲಿ ಹುಟ್ಟಿದವನು. ಹಣದ ಮುಗ್ಗಟ್ಟಿನ ಕಾಲದಲ್ಲಿ ನೆರೆಯ ಹೆಂಗಸೊಬ್ಬಳು ಹಳೆಯ ಸಾಮಾನಿನ ಚೀಲವೊಂದನ್ನು ಮಾರಲು ತಂದಳಂತೆ. ಇವನ ತಾಯಿ ಕನಿಕರದಿಂದ ಕೊಂಡಳು. ಅದರೊಳಗೆ ಒಂದು ಜೊತೆ ಸ್ಕೇಟುಗಳಿದ್ದುವು. ಇವನೊಂದು ಸೋದರಿಯೊಂದು ಕಾಲಿಗೆ ಕಟ್ಟಿಕೊಂಡು ಜಾರಿದರು. ಆ ಹುಡುಗನು 1946ರಲ್ಲಿ ಡೆಟ್ರಾಯಿಟ್ ನಗರದ ತಂಡವನ್ನು ಸೇರಿ, ಇಪ್ಪತ್ತೈದು ಋತುಗಳ ಕಾಲ ಅದಕ್ಕಾಗಿ ಆಡಿದನು. ನಾಲ್ಕು ಬಾರಿ ತಂಡದೊಡನೆ ಸ್ಟ್ಯಾನ್ಲಿ ಬಟ್ಟಲನ್ನು ಗೆದ್ದನು. ತಂಡದಲ್ಲೆಲ್ಲಾ ತನ್ನ ಸಂಬಳವೇ ಹೆಚ್ಚಿನದೆಂದು ಒಡೆಯರ ಮಾತಿನಿಂದ ನಂಬಿದ್ದವನಿಗೆ, ಅದು ಸುಳ್ಳೆಂದು ತಿಳಿಯುವ ಹೊತ್ತಿಗೆ ನಲವತ್ತು ವರ್ಷವಾಗಿತ್ತು. ನೋಡಿದಿರಾ, ಹಣ ಹರಿಯುವ ದೇಶದಲ್ಲಿಯೂ ನನ್ನ ಪ್ರಶ್ನೆಗೆ ಸ್ಥಳವಿದೆ ಎಂದುಕೊಂಡೆನು. ಆದರೆ ಮುಂದಿನ ಪುಟವು ನನ್ನ ಉತ್ಸಾಹವನ್ನು ಇಳಿಸಿತು. 1971ರಲ್ಲಿ ನಿವೃತ್ತನಾದ ಈತನು 1973ರಲ್ಲಿ ಮರಳಿ ಅಂಗಣಕ್ಕಿಳಿದನು. ಏಕೆಂದರೆ, ಮಾರ್ಟಿ ಮತ್ತು ಮಾರ್ಕ್ ಎಂಬ ತನ್ನ ಮಕ್ಕಳಿಬ್ಬರೊಡನೆ ಒಂದೇ ತಂಡದಲ್ಲಿ ಆಡುವ ಅವಕಾಶವೊದಗಿತ್ತು. ತಂದೆಮಕ್ಕಳು ಜೊತೆಯಾಗಿ ಏಳು ಋತುಗಳು ಆಡಿದರು. 1980ರಲ್ಲಿ ಕಡೆಯ ಬಾರಿಗೆ ಅಂಗಣವನ್ನು ಬಿಟ್ಟಾಗ ಆತನಿಗೆ 52 ವರ್ಷ.

ಅಲ್ಲಿಂದ ನಮ್ಮವರ ಕಡೆಗೆ ತಿರುಗಿದೆನು. ನಮ್ಮಲ್ಲಿ ಹಾಕಿ ಆಟಗಾರನು ಬಹುಕಾಲ ಸಂಬಳ ಪಡೆದುದು ಆಟಕ್ಕಲ್ಲ, ನೌಕರಿಗೆ. ಸೈನ್ಯ, ರೈಲ್ವೆ, ವಿಮಾನ ಸಂಸ್ಥೆ, ಬ್ಯಾಂಕು, ಇವುಗಳೇ ಅವನಿಗೆ ಅನ್ನವಿಕ್ಕಿದ ಮನೆಗಳು. ಕೊಡಗಿನ ಎಂ. ಪಿ. ಗಣೇಶರು ಕಾಲ್ಚೆಂಡಿನಿಂದ ಹಾಕಿಗೆ ಬಂದ ಸೈನಿಕರು. 1972ರ ಮ್ಯೂನಿಕ್ ಒಲಿಂಪಿಕ್ಸಿನಲ್ಲಿ ಕಂಚು ಪಡೆದ ತಂಡದಲ್ಲಿದ್ದರು. 1973ರಲ್ಲಿ ಹಾಲೆಂಡಿನಲ್ಲಿ ನಡೆದ ವಿಶ್ವಕಪ್ಪಿಗೆ ಭಾರತದ ನಾಯಕರಾದರು. ಬಳಿಕ ಭಾರತ ತಂಡವನ್ನು ತರಬೇತು ಮಾಡಿದರು. ಕ್ರೀಡಾ ಪ್ರಾಧಿಕಾರದಲ್ಲಿ ಅಧಿಕಾರಿಯಾಗಿ ದುಡಿದರು. 2020ರಲ್ಲಿ ಪದ್ಮಶ್ರೀ ಪಡೆದರು.

ಅದೇ 1973ರ ಅಂತಿಮ ಪಂದ್ಯದಲ್ಲಿ, ಎರಡೆರಡು ಗೋಲುಗಳಿಂದ ಸಮನಾಗಿದ್ದಾಗ, ಹೆಚ್ಚುವರಿ ಅವಧಿಯಲ್ಲಿ ಭಾರತಕ್ಕೆ ಪೆನಾಲ್ಟಿ ಹೊಡೆತವೊಂದು ದೊರೆಯಿತು. ಗೋಲಾದರೆ ಕಪ್ಪು ನಮ್ಮದು. ಹೊಡೆಯಲು ನಿಂತವರು ಕೊಡಗಿನವರೇ ಆದ ಬಿ. ಪಿ. ಗೋವಿಂದ, ವಯಸ್ಸು ಇಪ್ಪತ್ತೆರಡು. ಗೋಲಾಗಲಿಲ್ಲ, ಕಡೆಗೆ ಹಾಲೆಂಡ್ ಗೆದ್ದಿತು. ಅವರ ತಂದೆಯ ಸ್ಥಾನದಲ್ಲಿ ನಾನಿದ್ದಿದ್ದರೆ ಕೋಲನ್ನು ಅಟ್ಟಕ್ಕೆಸೆಯುತ್ತಿದ್ದೆನೋ ಏನೋ! ಗೋವಿಂದರು ಆಡುತ್ತಲೇ ಹೋದರು. 1975ರಲ್ಲಿ ಕ್ವಾಲಾಲಂಪುರದಲ್ಲಿ ಪಾಕಿಸ್ತಾನವನ್ನು ಸೋಲಿಸಿ ವಿಶ್ವಕಪ್ಪನ್ನು ಗೆದ್ದ ತಂಡದಲ್ಲಿ ಅವರಿದ್ದರು. ಇನ್ನು ಬಲ್ಲಾಳರು: ಬ್ಯಾಂಕಾಕಿನ ವಿಜಯವಾದ ಸ್ವಲ್ಪ ಕಾಲಕ್ಕೇ ತಂಡದಿಂದ ಕೈಬಿಡಲ್ಪಟ್ಟ ಹಿರಿಯರಲ್ಲಿ ಅವರೂ ಒಬ್ಬರು. ಅವರು ಮುಂದೆ ಬೆಂಗಳೂರಿನಲ್ಲಿ ಮಕ್ಕಳಿಗೆ ಹಾಕಿ ಕಲಿಸತೊಡಗಿದರು.

ಇವರೆಲ್ಲಾ ಹೆಸರು ಪಡೆದವರು; ಹೆಸರಿಲ್ಲದವರ ಗತಿಯೇನು ಎಂದು ವಾಚಕರು ಕೇಳಬಹುದು. ನ್ಯಾಯವೇ. ಮೊಣಕಾಲು ಮುರಿದವನಿಗೆ, ಆಯ್ಕೆಯ ಹೊಸಿಲಲ್ಲಿ ಮುಗ್ಗರಿಸಿದವನಿಗೆ ಯಾರೂ ಅನ್ನವಿಕ್ಕರು. ಆಟಗಾರನ ಮೊದಲ ಬಾಳು ಮೂವತ್ತೈದಕ್ಕೆ ಮುಗಿಯುತ್ತದೆ. ಎರಡನೆಯದಕ್ಕೆ ಏನು ದಾರಿಯೆಂದು ಮನೆಯ ಹಿರಿಯನು ಚಿಂತಿಸಲೇಬೇಕು. ಆದರೆ ನಾನು ಚಿಂತಿಸಲಿಲ್ಲ, ಭಯಪಟ್ಟೆನು. ನಮ್ಮ ವಿಭಾಗದಲ್ಲಿಯೇ ಆಟದ ಬಲದಿಂದ ನೌಕರಿಗೆ ಬಂದ ಸಹೋದ್ಯೋಗಿಯೊಬ್ಬರಿದ್ದರು. ದಿನವೂ ಅವರೊಡನೆ ಕಾಫಿ ಕುಡಿದೆನು. ರೈಲ್ವೆಯ ಸವೆದ ಗಾಲಿಗಳನ್ನು ಕುಲುಮೆಯಲ್ಲಿ ಕರಗಿಸಿ, ಅದೇ ಉಕ್ಕಿನಿಂದ ಹೊಸ ಗಾಲಿ ಎರೆಯುವುದು ನನ್ನ ನಿತ್ಯದ ಕೆಲಸವಾಗಿತ್ತು. ಓಡಿ ಸವೆದುದು ವ್ಯರ್ಥವಾಗುವುದಿಲ್ಲವೆಂಬುದನ್ನು ಮೂವತ್ತು ವರ್ಷ ಕಣ್ಣಾರೆ ನೋಡಿದವನು, ಮನೆಗೆ ಬಂದು ಮಗನೆದುರು ಅದನ್ನು ಮರೆತೆನು.

ಮುಂದಿನ ವಾರ ಮಗನೊಬ್ಬನೇ ಫೋನಿಗೆ ಸಿಕ್ಕಾಗ, “ಆ ಕೋಲು ಈಗಲೂ ಅಟ್ಟದ ಮೇಲಿದೆಯಪ್ಪ” ಎಂದೆನು. ಇಪ್ಪತ್ತೊಂಬತ್ತು ಮೂವತ್ತು ವರ್ಷಗಳಲ್ಲಿ ಆ ಮಾತು ನಮ್ಮಿಬ್ಬರ ನಡುವೆ ಬಂದದ್ದು ಅದೇ ಮೊದಲು. ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, “ಅಪ್ಪ, ನೀವು ನಿಲ್ಲಿಸಿದ್ದಕ್ಕೆ ನನಗೆ ಕೋಪವಿಲ್ಲ. ನಾನೇನು ದೊಡ್ಡ ಆಟಗಾರನಾಗುತ್ತಿದ್ದೆನೋ ಇಲ್ಲವೋ. ನಿಲ್ಲಿಸುವ ಮೊದಲು ಒಂದು ಸಲ ಬಂದು ನೋಡಿದ್ದರೆ ಸಾಕಾಗಿತ್ತು” ಎಂದನು.

ಇದಕ್ಕೆ ನಾನು ಯಾವ ಉತ್ತರವನ್ನೂ ಕೊಡಲಾರದೆ ಹೋದೆನು. ಅವನೇ ಮಾತನ್ನು ಬದಲಿಸಿ, ಮೊಣಕಾಲಿನ ನೋವು ಹೇಗಿದೆಯೆಂದು ಕೇಳಿದನು.

ಈಗ ಪ್ರತಿ ಶನಿವಾರ ಅಲ್ಲಿ ಬೆಳಗಾಗುವ ಹೊತ್ತಿಗೆ, ನಮಗಿಲ್ಲಿ ಸಂಜೆಯ ಕಾಫಿಯಾದ ಮೇಲೆ, ಮಗನು ಫೋನನ್ನು ಅಂಗಣದ ಕಡೆಗೆ ತಿರುಗಿಸಿ ಹಿಡಿಯುತ್ತಾನೆ. ನಾನೂ ಮನೆಯಾಕೆಯೂ ಕನ್ನಡಕ ಹಾಕಿಕೊಂಡು ಕೂಡುತ್ತೇವೆ. ಆ ಬಿಲ್ಲೆ ಎಲ್ಲಿದೆಯೆಂಬುದು ಅರ್ಧಪಾಲು ನಮಗೆ ಕಾಣುವುದಿಲ್ಲ. ಹುಡುಗಿಯು ಬಿದ್ದಾಗಲೆಲ್ಲಾ ಆಕೆ “ಅಯ್ಯೋ” ಎನ್ನುವಳು; ಹುಡುಗಿ ಆಗಲೇ ಎದ್ದು ಮುಂದೆ ಹೋಗಿರುವಳು. ಹೊಟ್ಟೆಯ ಪ್ರಶ್ನೆಯನ್ನು ನಾನು ಮರೆತಿಲ್ಲ. ಸಮಯ ಬಂದಾಗ ಅವಳ ತಂದೆ ಕೇಳಲಿ, ಅವಳೂ ಉತ್ತರ ಹೇಳಲಿ. ಸದ್ಯಕ್ಕೆ ನಾನು ನೋಡುತ್ತಿದ್ದೇನೆ.