ಹೈಪೋ ಕೊಟ್ಟು ರೀಲು ತಂದ ಮಾಸ್ತರು

"ಕಾಕಾ, ಸಿನಿಮಾನ ನೀವು ಕೈಲೆ ಮುಟ್ಟಿ ನೋಡೀರೇನ್ರಿ?" ಅಣ್ಣನ ಮಗಳು ಬೆಂಗಳೂರಿನಿಂದ ಫೋನ್ ಮಾಡಿ ಕೇಳಿದಳು. ಕೈಯಿಂದಲೇ ಫಿಲ್ಮ್ ತೊಳೆಯುವುದನ್ನು ಕಲಿಸುವ ಶಿಬಿರಕ್ಕೆ ಸಾವಿರಾರು ರೂಪಾಯಿ ಕಟ್ಟಿದ್ದಾಳಂತೆ. ಹುಬ್ಬಳ್ಳಿಯ ಗೋಪನಕೊಪ್ಪದ ನಮ್ಮ ಓಣಿಯಲ್ಲಿ ಅದನ್ನು ಡ್ರಾಯಿಂಗ್ ಮಾಸ್ತರು ಪುಕ್ಕಟೆ ಕಲಿಸುತ್ತಿದ್ದರು.

ಕೇಶ್ವಾಪುರ ದಾಟಿದರೆ ಹೊಲ ಕಾಣುತ್ತಿದ್ದ ಕಾಲ. ಕಟ್ಟಿಗೆ ಖೋಲಿಯ ಕಿಂಡಿಗಳಿಗೆ ಕರಿ ಅರಿವೆ ಬಡಿದು ಮಾಸ್ತರು ಡಾರ್ಕ್‌ರೂಮ್ ಮಾಡಿಕೊಂಡಿದ್ದರು. ಊಟಿಯಿಂದ ಬರುತ್ತಿದ್ದ 'ಇಂದು' ಫಿಲ್ಮು, ಡೆವಲಪರ್, ಮೂಡಿದ ಚಿತ್ರವನ್ನು ನಿಲ್ಲಿಸುವ ಹೈಪೋ, ಮೂರು ಟ್ರೇ. ಬಾಗಿಲು ತೆರೆದರೆ ಮೂಗಿಗೆ ಅಡರುತ್ತಿದ್ದದ್ದು ಅಸಿಟಿಕ್ ಆಮ್ಲದ ಹುಳಿ ವಾಸನೆ. ಹಳೇ ಸಿನಿಮಾ ರೀಲಿನ ಡಬ್ಬಿಯಲ್ಲೂ ಅದೇ ವಾಸನೆ. ಅಸಿಟೇಟ್ ಫಿಲ್ಮು ಕೆಡುತ್ತ ಕೆಡುತ್ತ ಅದೇ ಆಮ್ಲ ಬಿಡುತ್ತದೆಂದು ತಿಳಿದದ್ದು ಬಹಳ ವರ್ಷಗಳ ಮೇಲೆ.

ರೀಲು ಸಿಗುತ್ತಿದ್ದದ್ದು ಗುಜರಿಯವನ ಹತ್ತಿರ. ಬಳಸಿದ ಹೈಪೋದಲ್ಲಿ ಫಿಲ್ಮಿನ ಬೆಳ್ಳಿ ಕರಗಿರುತ್ತದೆ. ಮಾಸ್ತರು ಆ ಹೈಪೋವನ್ನು ಕ್ಯಾನಿನಲ್ಲಿ ಕೂಡಿಟ್ಟು, ಅವನಿಗೆ ಕೊಟ್ಟು ರೀಲು ಕೇಳುತ್ತಿದ್ದರು.

"ಈ ಕ್ಯಾನಿಗೆ ಎರಡು ಡಬ್ಬಿ ಕೊಡು."

"ಒಂದರಾಗ ಮುಗಸ್ರಿ ಮಾಸ್ತರ. ಇದರಾಗ ಬೆಳ್ಳಿ ಎಷ್ಟೈತೋ ಯಾರಿಗ್ಗೊತ್ತು?"

"ಆತು, ಒಂದ ಕೊಡು. ಬಣ್ಣದ್ದಿರಬೇಕು ನೋಡ ಮತ್ತ."

ಬಣ್ಣದ್ದೇ ಯಾಕೆಂದರೆ ಸೂಜಿಯ ಕೆಲಸಕ್ಕೆ. ಒಂದೂವರೆ ಅಡಿ ರೀಲನ್ನು ಹಲಗೆಗೆ ಬಿಗಿದು ನಮ್ಮ ಮುಂದಿಡುತ್ತಿದ್ದರು. ಅದರಲ್ಲಿ 24 ಚಿತ್ರ, ಪರದೆಯ ಮೇಲೆ ಒಂದೇ ಸೆಕೆಂಡು. ಸೂಜಿ ಹಗುರಾಗಿ ಎಳೆದರೆ ಹಸಿರು ಗೆರೆ. ಇನ್ನಷ್ಟು ಒತ್ತಿದರೆ ಹಳದಿ. ಮತ್ತೂ ಒತ್ತಿದರೆ ಬಣ್ಣದ ಪದರವೆಲ್ಲ ಹೋಗಿ ಬರೀ ಬೆಳಕು. "ಸಾವಕಾಶ ತಮ್ಮಾ, ಹಸಿರಿನ್ಯಾಗ ನಿಲ್ಲು" ಎಂದು ಕೈ ಹಿಡಿಯುತ್ತಿದ್ದರು. ಕೆನಡಾದ ನಾರ್ಮನ್ ಮ್ಯಾಕ್‌ಲಾರೆನ್ 1949ರಲ್ಲಿ ಜಾಝ್ ಸಂಗೀತಕ್ಕೆ ಹೀಗೇ ಫಿಲ್ಮಿನ ಮೇಲೆ ಬಣ್ಣ ಬಳಿದು, ಕೆರೆದು, ಕ್ಯಾಮೆರಾ ಇಲ್ಲದೆ ಚಿತ್ರ ಮಾಡಿದ್ದನೆಂದು ಹೇಳಿದವರೂ ಅವರೇ. ಒಮ್ಮೆ ನಮ್ಮೆಲ್ಲರ ತುಂಡುಗಳನ್ನು ಅಂಟಿಸಿ, ಪರಿಚಯದ ಆಪರೇಟರನ್ನು ಒಪ್ಪಿಸಿ, ರಾತ್ರಿ ಆಟ ಬಿಟ್ಟ ಮೇಲೆ ಟಾಕೀಜಿನಲ್ಲಿ ಓಡಿಸಿದರು. ನನ್ನ ಗೆರೆ ಪರದೆ ತುಂಬ ಕೇರೆಹಾವಿನಂತೆ ಸರಕ್ಕನೆ ಹರಿದುಹೋಯಿತು. ನಾವು ಕುರ್ಚಿ ಹತ್ತಿ ಕೂಗಿದೆವು.

ಇಷ್ಟೇ ಬರೆದು ನಿಲ್ಲಿಸಿದರೆ ಸುಳ್ಳಾದೀತು. ಫಿಲ್ಮು ತೊಳೆಯಲು ನೀರು ಬಹಳ ಬೇಕು. ಹುಬ್ಬಳ್ಳಿಯ ನಳಕ್ಕೆ ದಿನಾ ನೀರು ಬಾರದ ಕತೆ ಯಾರಿಗೆ ಗೊತ್ತಿಲ್ಲ? ಬೋರಿನ ಗಡಸು ನೀರು ನೆಗೆಟಿವ್ ಮೇಲೆ ಬಿಳಿ ಕಲೆ ಬಿಡುತ್ತದೆಂದು ಮಾಸ್ತರು ಕುಡಿಯುವ ನೀರಿನ ಕೊಡವನ್ನೇ ಒಳಗೆ ಒಯ್ಯುತ್ತಿದ್ದರು. ಅದನ್ನು ದೂರದಿಂದ ಹೊತ್ತು ತಂದವರು ಮಾಸ್ತರ ಹೆಂಡತಿ, ನಮ್ಮ ಕಾಕೂ. ಅವರ ನಡು ಬಿದ್ದುಹೋದದ್ದನ್ನು ಯಾರೂ ಕಲೆಯ ಲೆಕ್ಕಕ್ಕೆ ಹಿಡಿಯಲಿಲ್ಲ. ಡೆವಲಪರಿನಲ್ಲಿರುವ ಮೆಟಾಲ್ ಎಂಬ ರಾಸಾಯನಿಕ ತಾಗಿ ತಾಗಿ ಮಾಸ್ತರ ಬೆರಳ ಸಂದಿಯೂ ಒಡೆದಿತ್ತು.

ಆಮೇಲೆ ಟಾಕೀಜಿಗೆ ಡಿಜಿಟಲ್ ಬಂತು. 2013ರಲ್ಲಿ ಫ್ಯೂಜಿ ಕಂಪನಿ ಸಿನಿಮಾ ಫಿಲ್ಮು ಮಾಡುವುದನ್ನೇ ಬಿಟ್ಟಿತು. ಅದಕ್ಕೆ ನನಗೆ ಅಷ್ಟು ದುಃಖವಿಲ್ಲ, ಯಂತ್ರ ಬದಲಾಗುವುದೇ. ಓಣಿಯ ಹುಡುಗರು ಈಗ ಫೋನಿನಲ್ಲಿ ದಿನವಿಡೀ ವಿಡಿಯೋ ತೆಗೆಯುತ್ತಾರೆ; ಸಾವಕಾಶ ಎನ್ನುವವರಿಲ್ಲ. ಹೊಟ್ಟೆ ಉರಿಯುವುದು ಅದಕ್ಕೆ. ಮಾಸ್ತರು ರಿಟೈರ್ ಆದ ಮೇಲೆ ಅವರ ಜಾಗಕ್ಕೆ ಸಾಲಿಯವರು ಯಾರನ್ನೂ ತಗೊಳ್ಳಲಿಲ್ಲ. ಡ್ರಾಯಿಂಗ್ ತಾಸಿನಲ್ಲಿ ಗಣಿತದ ಟೆಸ್ಟು ನಡೆಯುತ್ತದೆ. ಪಾಲಕರೇ ಕೇಳಿ ಮಾಡಿಸಿಕೊಂಡದ್ದು.